ಬೇರೆ ಲೋಟ

ಸಂವಿಧಾನ 1950ರಲ್ಲೇ ಅಸ್ಪೃಶ್ಯತೆಯನ್ನು ನಿಷೇಧಿಸಿತು. ಕವಿ ಸಿದ್ಧಲಿಂಗಯ್ಯ ಹುಟ್ಟಿದ್ದು 1954ರಲ್ಲಿ, ಮಾಗಡಿ ತಾಲೂಕಿನ ಮಂಚನಬೆಲೆಯಲ್ಲಿ. ತಂದೆ ಎತ್ತಿನಂತೆ ನೊಗ ಹೊತ್ತು ನಡೆಯುತ್ತಿದ್ದುದನ್ನು, ಹಿಂದೆ ಇನ್ನೊಬ್ಬ ಹೊಲ ಉಳುತ್ತಿದ್ದುದನ್ನು ಅವರು ಬಾಲ್ಯದಲ್ಲೇ ಕಂಡರು. ಅದನ್ನು ಬರೆದ ಆತ್ಮಕಥೆಯ ಹೆಸರೇ 'ಊರುಕೇರಿ'.

ಬಿಳಿಕೆರೆ, ಹುಣಸೂರು ಸೀಮೆಯ ಹಿರಿಯರಿಗೆ ಇದು ದೂರದ ಕಥೆಯಲ್ಲ. ಊರು ಬೇರೆ, ಕೇರಿ ಬೇರೆ; ಹೋಟೆಲಿನಲ್ಲಿ ಕೇರಿಯವರಿಗೆ ಬೇರೆ ಲೋಟ. ಯಾವ ಲೋಟ ಮುಟ್ಟಬಾರದೆಂದು ಮಕ್ಕಳಿಗೆ ಯಾರೂ ಪಾಠ ಹೇಳಬೇಕಾಗಿರಲಿಲ್ಲ. ಎರಡೂ ಕಡೆಯ ಮಕ್ಕಳು ನೋಡಿಯೇ ಕಲಿತರು.

ಇದು ಇತರರ ರೋಗವೆಂದು ನಾವು ಸುಮ್ಮನಿರುವಂತಿಲ್ಲ. ಕಸ ಗುಡಿಸಲು ಬರುವಾಕೆಗೆಂದು ನಮ್ಮ ಹಿತ್ತಿಲ ಗೋಡೆಯ ಮೇಲೂ ಒಂದು ಪ್ರತ್ಯೇಕ ಲೋಟವಿಲ್ಲವೇ? (ಅದನ್ನು ತೊಳೆದಿಡುವವಳೂ ಆಕೆಯೇ.) ಅದನ್ನು ನೋಡುತ್ತ ಬೆಳೆಯುವ ಮಗು ಮದ್ರಸದಲ್ಲಿ ಹ. ಬಿಲಾಲರ(ರ) ಚರಿತ್ರೆಯನ್ನೂ ಕಲಿಯುತ್ತದೆ. ಅದು ಯಾವುದನ್ನು ನಂಬಬೇಕು?

ಹ. ಅಬೂದರ್(ರ) ಒಬ್ಬನನ್ನು ಅವನ ತಾಯಿಯ ಹೆಸರೆತ್ತಿ ಹೀಯಾಳಿಸಿದಾಗ, ಅವರಲ್ಲಿ ಅಜ್ಞಾನಕಾಲದ ಗುಣ ಇನ್ನೂ ಉಳಿದಿದೆಯೆಂದು ಪ್ರವಾದಿವರ್ಯರು(ಸ) ಖಂಡಿಸಿದರು. ಸೇವಕರು ನಿಮ್ಮ ಸಹೋದರರು, ನೀವು ಉಣ್ಣುವುದನ್ನೇ ಅವರಿಗೆ ಉಣಿಸಬೇಕು, ಉಡುವುದನ್ನೇ ಉಡಿಸಬೇಕು ಎಂದು ಬೋಧಿಸಿದರು. ಮುಂದೆ ರಬದಾದಲ್ಲಿ ಅಬೂದರ್‌ರನ್ನು ಕಂಡವರು, ಅವರೂ ಅವರ ಸೇವಕನೂ ಒಂದೇ ಬಗೆಯ ಉಡುಪಿನಲ್ಲಿದ್ದುದನ್ನು ನೋಡಿ ಕಾರಣ ಕೇಳಿದರು. ಅವರು ಹೇಳಿದ್ದು ಈ ಘಟನೆಯನ್ನೇ (ಬುಖಾರಿ).