ಹಿಮಕರಡಿಯನ್ನು ನೋಡುವ ಬಗೆ

ಕನ್ನಡ ಪಂಡಿತನೊಬ್ಬನು ಹಿಮಕರಡಿಯ ವಿಷಯವಾಗಿ ಬರೆಯಹೊರಟಿರುವುದನ್ನು ಕಂಡು ಈ ಸಂಪುಟದ ಓದುಗರಲ್ಲಿ ಕೆಲವರಿಗೆ ಆಶ್ಚರ್ಯವಾದೀತು. ಇದಕ್ಕೆ ಕಾರಣ ನನ್ನದೇ ಒಂದು ಹಳೆಯ ತಪ್ಪು. ಸುಮಾರು ಇಪ್ಪತ್ತೈದು ವರ್ಷಗಳ ಹಿಂದೆ, ಎಂಟನೆಯ ತರಗತಿಯಲ್ಲಿ ಋತುವರ್ಣನೆಯ ಪಾಠ ಹೇಳುತ್ತಿದ್ದಾಗ, ಹಿಮವೆಂದರೇನೆಂದು ಬಯಲುಸೀಮೆಯ ಮಕ್ಕಳಿಗೆ ತಿಳಿಸುವ ಉತ್ಸಾಹದಲ್ಲಿ ಕರಿಹಲಗೆಯ ಮೇಲೆ ಒಂದು ಮಂಜಿನ ಗುಡ್ಡವನ್ನು ಬರೆದೆ. ಗುಡ್ಡದ ಮೇಲೆ ಒಂದು ಬಿಳಿಯ ಕರಡಿಯನ್ನು ನಿಲ್ಲಿಸಿದೆ. ಅದು ಒಂಟಿಯಾಗಿ ಕಂಡದ್ದರಿಂದ ಪಕ್ಕದಲ್ಲಿ ಒಂದು ಪೆಂಗ್ವಿನ್ ಹಕ್ಕಿಯನ್ನೂ ಕೂರಿಸಿದೆ. ಮಕ್ಕಳು ಅದನ್ನು ಭಕ್ತಿಯಿಂದ ತಮ್ಮ ಪುಸ್ತಕಗಳಿಗೆ ಇಳಿಸಿಕೊಂಡರು. ಅಂದು ಯಾರೂ ತಿದ್ದಲಿಲ್ಲ.

ಆ ತರಗತಿಯಲ್ಲಿದ್ದ ಹುಡುಗನೊಬ್ಬ ಈಗ ಕೆನಡಾ ದೇಶದ ವಿನ್ನಿಪೆಗ್ ನಗರದಲ್ಲಿ ನೆಲೆಸಿದ್ದಾನೆ. ಕಳೆದ ವರ್ಷ ಅವನಿಂದ ಒಂದು ದೀರ್ಘವಾದ ಪತ್ರ ಬಂದಿತು. ತಾನು ಕುಟುಂಬಸಮೇತನಾಗಿ ಚರ್ಚಿಲ್ ಎಂಬ ಊರಿಗೆ ಹೋಗಿ ಹಿಮಕರಡಿಗಳನ್ನು ಕಂಡು ಬಂದ ವೃತ್ತಾಂತವನ್ನೆಲ್ಲ ಬರೆದು, ಕೊನೆಯಲ್ಲಿ ಅತ್ಯಂತ ವಿನಯದಿಂದ, "ಗುರುಗಳೇ, ಇಲ್ಲಿ ಎಲ್ಲಿ ಹುಡುಕಿದರೂ ಪೆಂಗ್ವಿನ್ ಮಾತ್ರ ಸಿಗಲಿಲ್ಲ" ಎಂದು ಸೇರಿಸಿದ್ದನು. ನಾನು ನಕ್ಕೆ, ಆಮೇಲೆ ನಾಚಿಕೆಯೂ ಆಯಿತು. ಆ ನಾಚಿಕೆಯ ಫಲವೇ ಈ ಲೇಖನ.

ನಾಚಿಕೆಗೆ ವಿಶೇಷವಾದ ಇನ್ನೊಂದು ಕಾರಣವುಂಟು. ಭೂಗೋಳ ನನ್ನ ವಿಷಯವಲ್ಲವೆಂದು ನಾನು ಪಾರಾಗುವಂತಿಲ್ಲ. ಏಕೆಂದರೆ ಶಬ್ದವೇ ನನ್ನನ್ನು ಎಚ್ಚರಿಸಬೇಕಾಗಿತ್ತು. ಗ್ರೀಕ್ ಭಾಷೆಯಲ್ಲಿ 'ಆರ್ಕ್ಟೋಸ್' ಎಂದರೆ ಕರಡಿ. ಸಂಸ್ಕೃತದ 'ಋಕ್ಷ' ಶಬ್ದವೂ ಅದೂ ಒಂದೇ ಬೇರಿನ ಎರಡು ಚಿಗುರುಗಳು. ನಾವು ಸಪ್ತರ್ಷಿಮಂಡಲವೆಂದು ಕರೆಯುವ ತಾರಾಗಣ ಗ್ರೀಕರಿಗೆ ಕರಡಿಯಾಗಿ ಕಂಡಿತು. ಆ ಕರಡಿಯ ಕೆಳಗಿರುವ ಉತ್ತರದ ಸೀಮೆ 'ಆರ್ಕ್ಟಿಕ್' ಆಯಿತು. ಸಪ್ತರ್ಷಿಗಳನ್ನು ಹಿಂದೆ ಋಕ್ಷಗಳೆಂದು ಕರೆಯುತ್ತಿದ್ದರೆಂದು ನಮ್ಮ ಶತಪಥ ಬ್ರಾಹ್ಮಣವೂ ಹೇಳುತ್ತದೆ. ಉತ್ತರಕ್ಕೆ ಎದುರಾದ ದಕ್ಷಿಣದ ಸೀಮೆಯಾದರೋ 'ಅಂಟಾರ್ಕ್ಟಿಕ್', ಅಂದರೆ ಕರಡಿಗೆ ಇದಿರಾದುದು. ಪೆಂಗ್ವಿನ್ ಇರುವುದು ಆ ದಕ್ಷಿಣದಲ್ಲಿ. ಹೆಸರಿಟ್ಟವರು ಆಕಾಶದ ಕರಡಿಯನ್ನು ನೋಡಿದರೇ ಹೊರತು ನೆಲದ ಕರಡಿಯನ್ನಲ್ಲ. ಆದರೂ ಕರಡಿಯಿರುವ ಧ್ರುವ ಯಾವುದು, ಇಲ್ಲದ ಧ್ರುವ ಯಾವುದು ಎಂಬುದು ಆಕಸ್ಮಿಕವಾಗಿ ಹೆಸರಿನಲ್ಲೇ ಉಳಿದುಬಂದಿದೆ. ವ್ಯುತ್ಪತ್ತಿಯನ್ನು ಕಲಿಸುವವನೇ ಅದನ್ನು ಮರೆತರೆ ಏನೆನ್ನಬೇಕು?

ಇನ್ನು ಚರ್ಚಿಲ್ ಊರಿನ ವಿಷಯ. ಇದು ಕೆನಡಾದ ಮ್ಯಾನಿಟೋಬಾ ಪ್ರಾಂತದಲ್ಲಿ, ಹಡ್ಸನ್ ಕೊಲ್ಲಿಯ ಪಶ್ಚಿಮ ತೀರದಲ್ಲಿದೆ. 2021ರ ಜನಗಣತಿಯ ಪ್ರಕಾರ ಇಲ್ಲಿನ ಜನಸಂಖ್ಯೆ 870. ನಮ್ಮ ಭಾಗದ ಸಣ್ಣ ಹಳ್ಳಿಯಷ್ಟೇ ಎನ್ನಬಹುದು. ಹೊರಗಿನಿಂದ ಅಲ್ಲಿಗೆ ರಸ್ತೆಯಿಲ್ಲ. ವಿಮಾನದಲ್ಲಿ ಹೋಗಬೇಕು, ಇಲ್ಲವೇ ವಿನ್ನಿಪೆಗ್ಗಿನಿಂದ ಸುಮಾರು 1,700 ಕಿಲೋಮೀಟರು ದೂರವನ್ನು ಎರಡು ರಾತ್ರಿಗಳ ರೈಲು ಪ್ರಯಾಣದಲ್ಲಿ ಕ್ರಮಿಸಬೇಕು. ಈ ಹಳಿ ಚರ್ಚಿಲ್ಲನ್ನು ಮುಟ್ಟಿದ್ದು 1929ರಲ್ಲಿ. 2017ರ ನೆರೆಯಲ್ಲಿ ಅದು ಹಲವೆಡೆ ಕೊಚ್ಚಿಹೋಗಿ, 2018ರ ಕೊನೆಯವರೆಗೂ ಊರಿಗೆ ರೈಲೇ ಇರಲಿಲ್ಲ.

ಕರಡಿಗಳು ಇಲ್ಲಿಗೇ ಏಕೆ ಬರುತ್ತವೆ? ಹಿಮಕರಡಿಯ ಮುಖ್ಯ ಆಹಾರ ಸೀಲ್ ಎಂಬ ಕಡಲಪ್ರಾಣಿ. ಈಜುವ ಸೀಲನ್ನು ನೀರಿನಲ್ಲಿ ಅಟ್ಟಿ ಹಿಡಿಯುವುದು ಕರಡಿಯಿಂದ ಸಾಮಾನ್ಯವಾಗಿ ಆಗದ ಮಾತು. ಕಡಲು ಹೆಪ್ಪುಗಟ್ಟಿದಾಗ, ಉಸಿರಾಡಲು ಸೀಲ್ ಮೇಲೇಳುವ ರಂಧ್ರದ ಬಳಿ ಕಾದು ಕುಳಿತು ಹಿಡಿಯಬೇಕು. ಆದುದರಿಂದ ಮಂಜುಗಡ್ಡೆಯೇ ಇದರ ಹೊಲ. ಬೇಸಗೆಯಲ್ಲಿ ಹಡ್ಸನ್ ಕೊಲ್ಲಿಯ ಮಂಜು ಪೂರ್ತಿಯಾಗಿ ಕರಗುತ್ತದೆ. ಕರಡಿಗಳು ದಡಕ್ಕೆ ಬಂದು, ಮೈಯಲ್ಲಿ ಕೂಡಿಸಿಟ್ಟ ಕೊಬ್ಬಿನ ಮೇಲೆ ನಾಲ್ಕು ತಿಂಗಳು ಅಥವಾ ಹೆಚ್ಚು ಕಾಲ ಉಪವಾಸವಿರುತ್ತವೆ. ಬಸುರಿಯಾದ ಹೆಣ್ಣುಗಳ ಉಪವಾಸ ಎಂಟು ತಿಂಗಳವರೆಗೂ ಹೋಗುವುದುಂಟು; ಅವು ನೆಲದ ಗವಿಯಲ್ಲಿ ಮರಿಹಾಕಿ ಹಾಲೂಡಿಸಿದ ಮೇಲೆಯೇ ಮಂಜಿಗೆ ಇಳಿಯುತ್ತವೆ. ಇಂಥ ಗವಿಗಳ ಪ್ರದೇಶವನ್ನು 1996ರಲ್ಲಿ ವಾಪುಸ್ಕ್ ರಾಷ್ಟ್ರೀಯ ಉದ್ಯಾನವೆಂದು ಕಾಯ್ದಿರಿಸಿದರು. ಅಲ್ಲಿನ ಮೂಲನಿವಾಸಿಗಳಾದ ಕ್ರೀ ಜನರ ನುಡಿಯಲ್ಲಿ ವಾಪುಸ್ಕ್ ಎಂದರೆ ಬಿಳಿಯ ಕರಡಿ. ಚರ್ಚಿಲ್ ನದಿಯ ಸಿಹಿನೀರು ಕಡಲಿಗೆ ಸೇರುವುದರಿಂದಲೂ, ಗಾಳಿ ಮತ್ತು ಪ್ರವಾಹಗಳು ಮಂಜನ್ನು ಈ ದಡಕ್ಕೆ ಒತ್ತುವುದರಿಂದಲೂ ಇಲ್ಲಿ ಕಡಲು ಬೇಗ ಹೆಪ್ಪುಗಟ್ಟುತ್ತದೆ. ಅಕ್ಟೋಬರ್ ಮತ್ತು ನವೆಂಬರಿನಲ್ಲಿ ಕರಡಿಗಳು ಇಲ್ಲಿ ಸೇರಿ ಮಂಜಿಗಾಗಿ ಕಾಯುತ್ತವೆ. ಪ್ರವಾಸಿಗಳು ಹೋಗುವುದೂ ಅದೇ ಆರು ವಾರಗಳಲ್ಲಿ. ಅವರು ನೋಡುವುದು ಹಸಿದು ಕಾಯುತ್ತಿರುವ ಪ್ರಾಣಿಯನ್ನು. ಈ ಮಾತನ್ನು ಓದುಗರು ನೆನಪಿನಲ್ಲಿಡಬೇಕು.

ನೋಡಲು ಹೋಗುವವರಿಗಾಗಿ ಟಂಡ್ರಾ ಬಗ್ಗಿ ಎಂಬ ವಿಚಿತ್ರವಾದ ವಾಹನವುಂಟು. ಆಳೆತ್ತರಕ್ಕೆ ಸಮೀಪವಾದ ಗಾಲಿಗಳ ಮೇಲೆ ಒಂದು ಬಸ್ಸನ್ನು ಕೂರಿಸಿದಂತಿರುತ್ತದೆ. ಹಿಂಭಾಗದಲ್ಲಿ ತೆರೆದ ಜಗಲಿ. ಊರಿನ ಯಂತ್ರಕುಶಲಿ ಲೆನ್ ಸ್ಮಿತ್ ಎಂಬವರು 1970ರ ದಶಕದ ಕೊನೆಯಲ್ಲಿ ಇದನ್ನು ಮೊದಲು ಕಟ್ಟಿದರು. ಹಿಂದೆ ಅಲ್ಲಿದ್ದ ಸೈನ್ಯದ ವಾಹನಗಳು ಬಿಟ್ಟುಹೋದ ಜಾಡುಗಳಲ್ಲಿಯೇ ಈ ಬಗ್ಗಿಗಳು ಓಡಬೇಕು. ಸ್ವೇಚ್ಛೆಯಾಗಿ ಎಲ್ಲೆಂದರಲ್ಲಿ ತಿರುಗುವಂತಿಲ್ಲ. ಕರಡಿಗೆ ತಿನಿಸು ಹಾಕುವಂತಿಲ್ಲ. ಯಾರೂ ನೆಲಕ್ಕೆ ಇಳಿಯುವಂತಿಲ್ಲ.

ನನ್ನ ಶಿಷ್ಯನ ಪತ್ರದ ಒಂದು ಭಾಗವನ್ನು ಇಲ್ಲಿ ಸಂಗ್ರಹಿಸಿ ಹೇಳುತ್ತೇನೆ. ಎರಡನೆಯ ದಿನ ಮಧ್ಯಾಹ್ನ ದೂರದ ವಿಲ್ಲೋ ಪೊದೆಗಳ ನಡುವೆ ಒಂದು ತಾಯಿ ಕರಡಿಯೂ ಎರಡು ಮರಿಗಳೂ ಮಲಗಿದ್ದುವಂತೆ. ಚಾಲಕಿಯೂ ಮಾರ್ಗದರ್ಶಕಿಯೂ ಒಬ್ಬಳೇ. ಆಕೆ ಕಂಡೊಡನೆ ಎಂಜಿನನ್ನು ನಿಲ್ಲಿಸಿದಳು. ಒಂದು ಗಂಟೆಯ ಮೇಲಾಯಿತು. ತಾಯಿ ತಲೆ ಎತ್ತಲಿಲ್ಲ. ಬಹಳ ಹಣ ತೆತ್ತು ಬಂದಿದ್ದ ಕೆಲವರು ಸ್ವಲ್ಪ ಮುಂದೆ ಹೋಗೋಣವೆಂದು ಗೊಣಗಿದರು. ಆಕೆ ಹೋಗಲಿಲ್ಲ. "ಅದು ಎದ್ದರೆ ನನ್ನ ತಪ್ಪು" ಎಂದಷ್ಟೇ ಹೇಳಿದಳಂತೆ. ಕಡೆಗೆ ಒಂದು ಮರಿ ಎದ್ದು, ತಾಯಿಯ ಬೆನ್ನಿನ ಮೇಲಿಂದ ಈ ಕಡೆ ಒಮ್ಮೆ ನೋಡಿ, ಮತ್ತೆ ಮಲಗಿತು. ಅವನು ಕಂಡದ್ದು ಇಷ್ಟೇ. "ಆದರೆ ಆ ಒಂದು ಗಂಟೆ ನಮ್ಮ ವಾಹನದಲ್ಲಿ ಮಕ್ಕಳೂ ಮಾತಾಡಲಿಲ್ಲ" ಎಂದು ಬರೆದಿದ್ದಾನೆ.

"ಅದು ಎದ್ದರೆ ನನ್ನ ತಪ್ಪು" ಎಂಬ ಮಾತನ್ನು ನಾನು ಮತ್ತೆ ಮತ್ತೆ ಓದಿದೆ. ಮಾರ್ಗದರ್ಶಕನೆಂದರೆ ದಾರಿ ತೋರಿ ಹತ್ತಿರಕ್ಕೆ ಒಯ್ಯುವವನೆಂದು ನಾವು ತಿಳಿದಿದ್ದೇವೆ. ಇಲ್ಲಿ ಆಕೆಯ ವಿದ್ಯೆಯೆಲ್ಲ ತಡೆದು ನಿಲ್ಲಿಸುವುದರಲ್ಲಿದೆ. ಇದು ಬರಿಯ ಸೌಜನ್ಯವಲ್ಲ. ಇದರ ಹಿಂದೆ ಲೆಕ್ಕವಿದೆ. ಇದೇ ಪಶ್ಚಿಮ ಹಡ್ಸನ್ ಕೊಲ್ಲಿಯಲ್ಲಿ ಇಪ್ಪತ್ತು ಕರಡಿಗಳ ಕೊರಳಿಗೆ ಸಣ್ಣ ಕ್ಯಾಮರಾಗಳನ್ನು ಕಟ್ಟಿ ಬೇಸಗೆಯಲ್ಲಿ ಅವು ಹೇಗೆ ಬದುಕುತ್ತವೆಂದು ವಿಜ್ಞಾನಿಗಳು ಪರೀಕ್ಷಿಸಿದರು. ಫಲಿತಾಂಶ 2024ರಲ್ಲಿ ಪ್ರಕಟವಾಯಿತು. ಕೆಲವು ಕರಡಿಗಳು ಅಲುಗಾಡದೆ ಮಲಗಿದ್ದುವು. ಕೆಲವು ಕಾಡುಹಣ್ಣು, ಹುಲ್ಲು, ಹಕ್ಕಿಗಳನ್ನು ಅರಸಿ ಅಲೆದುವು. ಆದರೂ ಇಪ್ಪತ್ತರಲ್ಲಿ ಹತ್ತೊಂಬತ್ತು ತೂಕ ಕಳೆದುಕೊಂಡುವು, ಸರಾಸರಿ ದಿನಕ್ಕೆ ಸುಮಾರು ಒಂದು ಕಿಲೋಗ್ರಾಮಿನಂತೆ. ಮಲಗಿದ ಕರಡಿಯನ್ನು ಎಬ್ಬಿಸಿ ಓಡಿಸುವುದೆಂದರೆ ಅದರ ಕಣಜದಿಂದ ಧಾನ್ಯ ತೆಗೆದಂತೆ.

ಮನುಷ್ಯನೂ ಕರಡಿಯೂ ಹೀಗೆ ಸಮೀಪದಲ್ಲಿ ಬಾಳುವ ಊರಿಗೆ ತನ್ನದೇ ಆದ ರೀತಿನೀತಿಗಳಿವೆ. ಓಡಿಬಂದವರು ಒಳಹೊಕ್ಕು ಪ್ರಾಣ ಉಳಿಸಿಕೊಳ್ಳಲೆಂದು ಅಲ್ಲಿ ಹಲವರು ಕಾರಿನ ಬಾಗಿಲಿಗೆ ಬೀಗ ಹಾಕುವುದಿಲ್ಲ. ಊರೊಳಗೆ ನುಗ್ಗಿದ ಕರಡಿಯನ್ನು ಹಿಡಿದು ಕೂಡಿಡಲು ಒಂದು ಕಟ್ಟಡವಿದೆ. ಜನ ಅದನ್ನು ಕರಡಿಗಳ ಸೆರೆಮನೆ ಎನ್ನುತ್ತಾರೆ. ಅಲ್ಲಿ ನೀರು ಕೊಡುತ್ತಾರೆ, ಊಟ ಕೊಡುವುದಿಲ್ಲ. ಊರಿಗೆ ಹೋದರೆ ಅನ್ನ ಸಿಗುತ್ತದೆಂಬ ಪಾಠ ಅದಕ್ಕೆ ಆಗಬಾರದಷ್ಟೆ. ಕೆಲವು ವಾರಗಳ ಮೇಲೆ ಹೆಲಿಕಾಪ್ಟರಿನಲ್ಲಿ ಉತ್ತರಕ್ಕೆ ಒಯ್ದು ಬಿಡುತ್ತಾರೆ. ಕರಡಿಗಳು ಬಂದು ತಿನ್ನುತ್ತಿದ್ದ ಊರ ಕಸದ ತಿಪ್ಪೆಯನ್ನು 2005ರಲ್ಲಿ ಮುಚ್ಚಿಬಿಟ್ಟರು.

ಹಿಮಕರಡಿಯನ್ನು ಕಾಣಬಹುದಾದ ಇನ್ನೊಂದು ಪ್ರಸಿದ್ಧ ಸ್ಥಳ ಯೂರೋಪಿನ ಉತ್ತರಕ್ಕಿರುವ, ನಾರ್ವೆ ದೇಶಕ್ಕೆ ಸೇರಿದ ಸ್ವಾಲ್ಬಾರ್ಡ್ ದ್ವೀಪಸಮೂಹ. ಭಾರತದ 'ಹಿಮಾದ್ರಿ' ಎಂಬ ಸಂಶೋಧನಾ ಕೇಂದ್ರ 2008ರಿಂದ ಇರುವುದು ಇಲ್ಲಿಯೇ. ಇಲ್ಲಿ ಪ್ರವಾಸಿಗಳು ಬೇಸಗೆಯಲ್ಲಿ ಹಡಗಿನಲ್ಲಿ ಸುತ್ತುತ್ತಾರೆ; ಬಂದೂಕು ಹಿಡಿದ ಮಾರ್ಗದರ್ಶಕರು ಮೊದಲು ದಡವನ್ನು ಪರೀಕ್ಷಿಸಿದ ಮೇಲೆಯೇ ಇಳಿಸುತ್ತಾರೆ. ಈ ಪ್ರಾಣಿಗೆ 'ಸಮುದ್ರದ ಕರಡಿ' ಎಂಬರ್ಥದ ಶಾಸ್ತ್ರೀಯ ನಾಮವನ್ನು 1774ರಲ್ಲಿ ಕೊಟ್ಟವನು ಫಿಪ್ಸ್ ಎಂಬ ಆಂಗ್ಲ ನಾವಿಕ. ಹಿಂದಿನ ವರ್ಷ ಅವನು ಈ ಕಡಲಿಗೆ ಯಾನ ಮಾಡಿದ್ದನು. ಆ ಯಾನದಲ್ಲಿ ಮುಂದೆ ಜಗದ್ವಿಖ್ಯಾತನಾದ ನೆಲ್ಸನ್ ಹುಡುಗನಾಗಿದ್ದು, ತಂದೆಗೆ ಕರಡಿಯ ಚರ್ಮ ಒಯ್ಯುವ ಆಸೆಯಿಂದ ಮಂಜಿನ ಮೇಲೆ ಒಂದನ್ನು ಬೆನ್ನಟ್ಟಿದನೆಂಬ ಕಥೆಯುಂಟು. ಫಿಪ್ಸನ ಹೆಸರಿನ ದ್ವೀಪವೊಂದು ಸ್ವಾಲ್ಬಾರ್ಡಿನ ಉತ್ತರದ ತುದಿಯಲ್ಲಿದೆ. 2018ರ ಜುಲೈ ತಿಂಗಳಿನಲ್ಲಿ ಆ ಪ್ರದೇಶದಲ್ಲಿಯೇ, ಪ್ರಯಾಣಿಕರಿಗಿಂತ ಮುಂಚೆ ದಡಕ್ಕಿಳಿದ ಕಾವಲುಗಾರರಲ್ಲಿ ಒಬ್ಬನನ್ನು ಕರಡಿ ಗಾಯಗೊಳಿಸಿತು. ಅದನ್ನು ಗುಂಡಿಟ್ಟು ಕೊಲ್ಲಬೇಕಾಯಿತು. ನೋಡಲೆಂದು ಹೋದವರಿಂದಲೇ ನೋಡಬೇಕಾದುದು ಸತ್ತಿತೆಂದು ಆಗ ಲೋಕವೆಲ್ಲ ಆಡಿಕೊಂಡಿತು.

ಸ್ವಾಲ್ಬಾರ್ಡಿನ ಕಾನೂನು ಕರಡಿಯನ್ನು ಹುಡುಕಿಕೊಂಡು ಹೋಗಿ ಕಾಡುವುದನ್ನೂ, ಬೆನ್ನಟ್ಟುವುದನ್ನೂ, ಆಮಿಷ ಒಡ್ಡಿ ಕರೆಯುವುದನ್ನೂ ಮೊದಲಿನಿಂದಲೇ ನಿಷೇಧಿಸಿತ್ತು. 2025ರ ಜನವರಿಯಿಂದ ಮೊಳಹಾಕಿದಂತೆ ದೂರವನ್ನೂ ಗೊತ್ತುಮಾಡಿದೆ: ಸಾಮಾನ್ಯವಾಗಿ 300 ಮೀಟರು, ಮಾರ್ಚಿಯಿಂದ ಜೂನ್ ಕೊನೆಯವರೆಗೆ, ಮರಿಗಳು ಎಳೆಯವಾಗಿದ್ದು ಬೇಟೆಯೂ ಭರದಲ್ಲಿರುವ ಕಾಲದಲ್ಲಿ, 500 ಮೀಟರು. ಐನೂರು ಮೀಟರು ದೂರದ ಕರಡಿ ಬರಿಗಣ್ಣಿಗೆ ಒಂದು ಹಳದಿಯ ಚುಕ್ಕೆ. ಅಷ್ಟಕ್ಕಾಗಿ ಅಷ್ಟು ದೂರ ಹೋಗುವುದೇ ಎಂದು ಕೇಳುವವರುಂಟು.

ನಾನು ಚಿಕ್ಕವನಾಗಿದ್ದಾಗ ಕರಡಿಯನ್ನು ಬಹಳ ಹತ್ತಿರದಿಂದ ಕಂಡಿದ್ದೇನೆ. ಖಲಂದರರು ಮೂಗಿಗೆ ಹಗ್ಗ ಪೋಣಿಸಿದ ಕರಡಿಯನ್ನು ನಮ್ಮ ಓಣಿಗೆ ತರುತ್ತಿದ್ದರು. ಅದು ಎರಡು ಕಾಲ ಮೇಲೆ ನಿಂತು ಕುಣಿಯುತ್ತಿತ್ತು. ನನ್ನ ಅಜ್ಜಿ ಒಂದಾಣೆ ಕಾಲದ ಲೆಕ್ಕದಲ್ಲಿ ಚೌಕಾಸಿ ಮಾಡಿ, ಅದರ ಕೂದಲನ್ನು ಕೊಂಡು, ನಾನು ರಾತ್ರಿ ಬೆಚ್ಚಬಾರದೆಂದು ತಾಯಿತ ಮಾಡಿ ಕೊರಳಿಗೆ ಕಟ್ಟಿದ್ದಳು. ಕೈಚಾಚಿದರೆ ಸಿಗುವ ದೂರ. ಅದು ಏಕೆ ಕುಣಿಯುತ್ತದೆಂದು ನಾನು ಕೇಳಲಿಲ್ಲ; ಹಗ್ಗವನ್ನು ಕಂಡಿದ್ದೆ, ಆದರೂ ನೋಡಿರಲಿಲ್ಲ. ವನ್ಯಜೀವಿ ಕಾಯಿದೆ ಬಂದದ್ದು 1972ರಲ್ಲಿ; ಈ ವೃತ್ತಿ ಬಹುಮಟ್ಟಿಗೆ ನಿಂತದ್ದು 2009ರ ಹೊತ್ತಿಗೆ. ಬಹಳ ವರ್ಷಗಳ ಮೇಲೆ ಹಂಪೆಯ ಸಮೀಪದ ದರೋಜಿ ಕರಡಿಧಾಮಕ್ಕೆ ಮಕ್ಕಳನ್ನು ಕರೆದೊಯ್ದಿದ್ದೆ. ಬಂಡೆಗಳ ಮೇಲೆ ಬೆಲ್ಲ ಜೇನು ಸವರಿದ್ದರು. ಸಂಜೆ ಕರಡಿಗಳು ಮರಿಗಳೊಡನೆ ಬಂದು ನೆಕ್ಕಿದುವು. ನಾವು ದೂರದ ಗೋಪುರದಿಂದ ನೋಡಿದೆವು. ಹಗ್ಗಕ್ಕಿಂತ ಬೆಲ್ಲ ಎಷ್ಟೋ ಮೇಲು. ಆಕ್ಷೇಪಿಸುವ ಉದ್ದೇಶ ನನಗಿಲ್ಲ. ಆದರೆ ಹಗ್ಗ, ಬೆಲ್ಲ, ಐನೂರು ಮೀಟರು ಎಂಬ ಈ ಮೂರರಲ್ಲಿ ಕರಡಿ ತನ್ನ ಕೆಲಸದಲ್ಲಿ ತಾನಿರುವುದು ಮೂರನೆಯದರಲ್ಲಿ ಮಾತ್ರ ಎಂಬುದು ಶಿಷ್ಯನ ಪತ್ರ ಬಂದ ಮೇಲೆ ನನಗೆ ಹೊಳೆಯಿತು.

ಬೇಟೆಯ ಹಾವಳಿಯಿಂದ ಕರಡಿಗಳನ್ನು ಕಾಯಲು ಕೆನಡಾ, ಡೆನ್ಮಾರ್ಕ್, ನಾರ್ವೆ, ಸೋವಿಯೆತ್ ಒಕ್ಕೂಟ, ಅಮೆರಿಕಾ ಎಂಬ ಐದು ದೇಶಗಳು 1973ರಲ್ಲಿ ಆಸ್ಲೋ ನಗರದಲ್ಲಿ ಒಪ್ಪಂದಕ್ಕೆ ಸಹಿಹಾಕಿದುವು. ಪರಸ್ಪರ ಹಲ್ಲುಮಸೆಯುತ್ತಿದ್ದ ಕಾಲದಲ್ಲಿ ಅವು ಒಂದಾದ ವಿಷಯಗಳಲ್ಲಿ ಇದೂ ಒಂದು. ಬಂದೂಕನ್ನು ಬಹುಮಟ್ಟಿಗೆ ತಡೆದದ್ದಾಯಿತು, ಬಿಸಿಲನ್ನು ತಡೆಯಲಾಗಲಿಲ್ಲ. ಹಡ್ಸನ್ ಕೊಲ್ಲಿಯಲ್ಲಿ ಮಂಜಿಲ್ಲದ ಕಾಲ 1980ರ ದಶಕಕ್ಕಿಂತ ಈಗ ಸುಮಾರು ಮೂರು ವಾರ ಹೆಚ್ಚಾಗಿದೆ. ಅಷ್ಟು ದಿನ ಉಪವಾಸ ಬೆಳೆಯಿತು. 1987ರಲ್ಲಿ ಪಶ್ಚಿಮ ಹಡ್ಸನ್ ಕೊಲ್ಲಿಯ ಕರಡಿಗಳು ಸುಮಾರು 1,200 ಎಂದು ಅಂದಾಜು ಮಾಡಿದ್ದರು, 2016ರಲ್ಲಿ 842, 2021ರಲ್ಲಿ 618. ಲೋಕದಲ್ಲಿ ಒಟ್ಟು ಸುಮಾರು 26,000 ಇರಬಹುದೆಂಬ ಅಂದಾಜಿರುವಾಗ ಇದು ಸಣ್ಣ ಅಂಕೆ. ಆದರೆ ಜನ ಹೋಗಿ ನೋಡುವುದು ಇವನ್ನೇ. ನೋಡಲು ಹಾರುವ ವಿಮಾನದ ಹೊಗೆಯೂ ಮಂಜು ಕರಗಿಸುವ ಹೊಗೆಯೇ ಎಂಬ ಆಕ್ಷೇಪಣೆಗೆ ಪ್ರವಾಸ ನಡೆಸುವವರಲ್ಲಿ ತೃಪ್ತಿಕರವಾದ ಉತ್ತರವಿರುವಂತೆ ಕಾಣುವುದಿಲ್ಲ. ನೋಡಿ ಬಂದವನು ಊರಿಗೆ ಹೋಗಿ ನಾಲ್ಕು ಜನರಿಗೆ ಹೇಳುತ್ತಾನೆಂಬುದೇ ಅವರ ಸಮಾಧಾನ. ನನ್ನ ಶಿಷ್ಯ ನನಗೆ ಹೇಳಿದನು, ನಾನು ನಿಮಗೆ ಹೇಳುತ್ತಿದ್ದೇನೆ. ಆದಕಾರಣ ಆ ಸಮಾಧಾನವನ್ನು ಪೂರ್ತಿಯಾಗಿ ತಳ್ಳಿಹಾಕಲಾರೆ.

ಈ ವರ್ಷ ಎಂಟನೆಯ ತರಗತಿಯಲ್ಲಿ ಅದೇ ಪಾಠ ಬಂದಾಗ ಅದೇ ಗುಡ್ಡವನ್ನು ಬರೆದೆ. ಕರಡಿಯನ್ನು ಹಲಗೆಯ ಮೇಲ್ತುದಿಯಲ್ಲಿಯೂ ಪೆಂಗ್ವಿನ್ನನ್ನು ಕೆಳತುದಿಯಲ್ಲಿಯೂ ಇಟ್ಟು, ನಡುವೆ ಇಡೀ ಭೂಮಿಯನ್ನು ಬರೆಯಬೇಕಾಯಿತು. ಶಿಷ್ಯನು ಮುಂದಿನ ಅಕ್ಟೋಬರಿಗೆ ನನ್ನನ್ನು ಬರಹೇಳಿದ್ದಾನೆ, ಖರ್ಚೆಲ್ಲ ತನ್ನದೆನ್ನುತ್ತಾನೆ. ಹೋಗುವುದನ್ನು ನಾನಿನ್ನೂ ನಿಶ್ಚಯಿಸಿಲ್ಲ. ಹೋದದ್ದೇ ಆದರೆ ವಿನ್ನಿಪೆಗ್ಗಿನಿಂದ ಮುಂದಕ್ಕೆ ರೈಲಿನಲ್ಲಿಯೇ ಹೋಗೋಣ, ಮತ್ತು ಆ ಚಾಲಕಿಯ ವಾಹನವೇ ಸಿಗುವಂತೆ ನೋಡು ಎಂದು ಮಾತ್ರ ಬರೆದಿದ್ದೇನೆ.