ಮಾರ್ಕೆಟ್ ಬೀದಿಯ ಮೂಕಚಿತ್ರ

1906ನೆಯ ಇಸವಿಯ ಏಪ್ರಿಲ್ ತಿಂಗಳು. ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೊ ನಗರದಲ್ಲಿ ಮೈಲ್ಸ್ ಸಹೋದರರು ಟ್ರಾಮು ಬಂಡಿಯೊಂದರ ಮುಂಭಾಗದಲ್ಲಿ ಕ್ಯಾಮೆರಾವನ್ನಿರಿಸಿ, ಮಾರ್ಕೆಟ್ ಬೀದಿಯ ಚಲನಚಿತ್ರವನ್ನು ತೆಗೆದರು. ಅದರಲ್ಲಿ ಕಥೆಯಿಲ್ಲ, ನಟರಿಲ್ಲ, ಮಾತೂ ಇಲ್ಲ. ಕುದುರೆಗಾಡಿಗಳ ನಡುವೆ ಮೋಟಾರುಗಳು ನುಸುಳುತ್ತವೆ. ಜನರು ಅಂಜಿಕೆಯಿಲ್ಲದೆ ಹಳಿಗಳನ್ನು ದಾಟುತ್ತಾರೆ. ಹುಡುಗರು ಕ್ಯಾಮೆರಾದತ್ತ ತಿರುಗಿ ನೋಡುತ್ತ ಓಡುತ್ತಾರೆ. ಬೀದಿಯ ಕೊನೆಯಲ್ಲಿ ದೋಣಿನಿಲ್ದಾಣದ ಗಡಿಯಾರ ಗೋಪುರ ನಿಂತಿದೆ.

ಕೆಲವೇ ದಿನಗಳ ಅನಂತರ, ಏಪ್ರಿಲ್ 18ರ ಬೆಳಗಿನ ಜಾವ, ಭೀಕರ ಭೂಕಂಪವಾಯಿತು. ಅದರ ಬೆನ್ನಲ್ಲೇ ಎದ್ದ ಬೆಂಕಿಗೆ ನಗರದ ಬಹುಭಾಗ ಆಹುತಿಯಾಯಿತು. ಮೈಲ್ಸ್ ಸಹೋದರರ ಚಿತ್ರಶಾಲೆಯೂ ಸುಟ್ಟುಹೋಯಿತು. ಆದರೆ ಆ ಚಿತ್ರದ ಸುರುಳಿಯನ್ನು ಮೊದಲೇ ರೈಲಿನಲ್ಲಿ ನ್ಯೂಯಾರ್ಕಿಗೆ ಕಳುಹಿಸಲಾಗಿತ್ತು. ಹೀಗಾಗಿ ಅದು ಉಳಿಯಿತು. ಅಂದು ಯಾರೂ ಲಕ್ಷಿಸದಿದ್ದ ನಿತ್ಯದ ಓಡಾಟವೇ ಇಂದು ಅಳಿದುಹೋದ ಆ ಬೀದಿಗೆ ಸಾಕ್ಷಿಯಾಗಿದೆ.