ಮೌನಗುರು ದಕ್ಷಿಣಾಮೂರ್ತಿ



ಶಾಲೆಗೆ ಸೇರಿದ ದಿನ ನೀವು ಕಲಿತ ಮೊದಲ ಪಾಠ ಯಾವುದು? 'ಅ ಆ ಇ ಈ' ಎಂದು ಹೇಳುವಿರಿ. ಅದಲ್ಲ. ಅದಕ್ಕೂ ಮುಂಚೆ 'ಕೈ ಕಟ್ಟು, ಬಾಯಿ ಮುಚ್ಚು' ಎಂಬುದನ್ನು ಕಲಿತಿರಿ. ತುಟಿಯ ಮೇಲೆ ಬೆರಳಿಟ್ಟುಕೊಂಡು ಸಾಲಾಗಿ ಕುಳಿತಿರಿ. ನಾನೂ ಹಾಗೆ ಕುಳಿತವನೇ. ಉಪಾಧ್ಯಾಯನಾದ ಮೇಲೆ ಇತರರನ್ನು ಹಾಗೆ ಕೂರಿಸಿದವನು. ಹೀಗಾಗಿ ಮೌನವೆಂದರೆ ಶಿಸ್ತು, ಇಲ್ಲವೇ ಶಿಕ್ಷೆ ಎಂಬ ಭಾವನೆ ನಮ್ಮಲ್ಲಿ ಬೇರೂರಿಬಿಟ್ಟಿದೆ. ಆದರೆ ಬಾಯಿ ತೆರೆಯದೆಯೇ ಪಾಠ ಹೇಳಿದ ಗುರುವೊಬ್ಬನ ಕಲ್ಪನೆ ನಮ್ಮ ಹಿರಿಯರಿಗಿತ್ತು. ಅವನೇ ದಕ್ಷಿಣಾಮೂರ್ತಿ.

ಈ ಗುರುವನ್ನು ಹುಡುಕುವುದು ಕಷ್ಟವಲ್ಲ. ತಮಿಳುನಾಡಿನ ಯಾವುದೇ ಹಳೆಯ ಶಿವಾಲಯಕ್ಕೆ ಹೋಗಿ ಪ್ರದಕ್ಷಿಣೆ ಆರಂಭಿಸಿರಿ. ಗುಡಿ ಪೂರ್ವಾಭಿಮುಖವಾಗಿದ್ದರೆ ನೀವು ಮೊದಲು ಬರುವುದು ಗರ್ಭಗುಡಿಯ ದಕ್ಷಿಣದ ಗೋಡೆಗೆ. ಅಲ್ಲಿನ ಗೂಡಿನಲ್ಲಿ ದಕ್ಷಿಣಕ್ಕೆ ಮುಖ ಮಾಡಿ ಕುಳಿತಿರುವವನೇ ಇವನು. ಪಲ್ಲವರು ಕಟ್ಟಿಸಿದ ಕಂಚಿಯ ಕೈಲಾಸನಾಥ ದೇವಾಲಯದಲ್ಲಿಯೂ, 1010ರಲ್ಲಿ ಪೂರ್ಣಗೊಂಡ ತಂಜಾವೂರಿನ ದೊಡ್ಡ ಗುಡಿಯಲ್ಲಿಯೂ ಅವನ ಸ್ಥಾನ ದಕ್ಷಿಣ ದಿಕ್ಕಿನಲ್ಲೇ. ದಕ್ಷಿಣವು ಯಮನ ದಿಕ್ಕು. ಜನರು ಅಂಜುವ ದಿಕ್ಕಿಗೆ ಗುರು ನಿಶ್ಚಿಂತನಾಗಿ ಮುಖ ಮಾಡಿದ್ದಾನೆ. ಅವನೆದುರು ನಿಂತ ಶಿಷ್ಯನ ಮುಖ ತಾನಾಗಿಯೇ ಉತ್ತರಕ್ಕೆ ತಿರುಗುತ್ತದೆ.

ಕೈಮುಗಿದು ಮುಂದಕ್ಕೆ ಓಡದೆ ಐದು ನಿಮಿಷ ಅಲ್ಲಿಯೇ ನಿಂತು ಮೂರ್ತಿಯನ್ನು ಗಮನಿಸಿರಿ. ತಲೆಯ ಮೇಲೆ ಆಲದ ಮರ. ಎಡಗಾಲು ಮಡಿಸಿ ಬಲತೊಡೆಯ ಮೇಲಿದೆ. ಇಳಿಬಿಟ್ಟ ಬಲಗಾಲಿನ ಕೆಳಗೆ ಒಬ್ಬ ಕುಳ್ಳ ಬಿದ್ದುಕೊಂಡಿದ್ದಾನೆ. ಅವನ ಹೆಸರು ಅಪಸ್ಮಾರ. 'ಸ್ಮರಣೆ' ಎಂಬ ಮಾತು ನಿಮಗೆ ಗೊತ್ತು. ಸ್ಮರಣೆ ತಪ್ಪಿದ ಸ್ಥಿತಿಯೇ ಅಪಸ್ಮಾರ, ಅಂದರೆ ಮರೆವು, ಅಜ್ಞಾನ. (ಪರೀಕ್ಷೆಯ ಹಿಂದಿನ ರಾತ್ರಿ ನಮ್ಮ ಮಕ್ಕಳ ಹೆಗಲೇರುವವನು ಇವನೇ ಇರಬೇಕು!) ಬಲಗೈಯಲ್ಲಿ ಹೆಬ್ಬೆರಳಿಗೆ ತೋರುಬೆರಳು ತಾಗಿದೆ. ಇದಕ್ಕೆ ಚಿನ್ಮುದ್ರೆ ಎಂದು ಹೆಸರು. ಬೇರೆಯವರನ್ನು ಬೆಟ್ಟು ಮಾಡಿ ತೋರಿಸುವುದಕ್ಕೂ ಗದರಿಸುವುದಕ್ಕೂ ನಾವು ಬಳಸುವ ತೋರುಬೆರಳು ಇಲ್ಲಿ ಬಾಗಿ ತನ್ನತ್ತ ಮರಳಿದೆ. ಉಪಾಧ್ಯಾಯನಾದ ನನಗೆ ಇಡೀ ಮೂರ್ತಿಯಲ್ಲಿ ಎಲ್ಲಕ್ಕಿಂತ ಹೆಚ್ಚಾಗಿ ನಾಟಿದ್ದು ಈ ಬೆರಳೇ. ಶಿಲ್ಪಶಾಸ್ತ್ರದವರು ಯೋಗ, ಜ್ಞಾನ, ವ್ಯಾಖ್ಯಾನ, ವೀಣಾಧರ ಎಂದು ಇವನಲ್ಲಿ ಹಲವು ಭೇದಗಳನ್ನು ಹೇಳುತ್ತಾರೆ. ಅದರ ವಿವರ ಈಗ ಬೇಡ.

ಪಾದದ ಬಳಿ ಕುಳಿತಿರುವ ಋಷಿಗಳನ್ನು ನೋಡಿರಿ. ಸನಕ, ಸನಂದನ, ಸನಾತನ, ಸನತ್ಕುಮಾರ ಎಂಬ ನಾಲ್ವರು ಬ್ರಹ್ಮನ ಮಾನಸಪುತ್ರರು. ಅವರು ಓದದ ಶಾಸ್ತ್ರವಿಲ್ಲ, ಕೇಳದ ಪಂಡಿತರಿಲ್ಲ. ಆದರೂ ಮನಸ್ಸಿನ ಸಂಶಯ ಹರಿಯಲಿಲ್ಲ. ಕೊನೆಗೆ ಶಿವನ ಬಳಿಗೆ ಬಂದರು. ಅವನು ಆಲದ ಬುಡದಲ್ಲಿ ಸುಮ್ಮನೆ ಕುಳಿತಿದ್ದ. ಇವರೂ ಕುಳಿತರು. ಅವನೊಂದು ಮಾತನ್ನೂ ಆಡಲಿಲ್ಲ. ಇವರ ಸಂಶಯಗಳೆಲ್ಲ ಕಳಚಿ ಬಿದ್ದವು ಎಂದು ಕಥೆ. ಗುರು ತರುಣ, ಶಿಷ್ಯರು ಮುದುಕರು ಎಂಬುದು ಇದರಲ್ಲಿನ ಇನ್ನೊಂದು ಸೋಜಿಗ. ವಯಸ್ಸಾದ ಮೇಲೂ ಶಿಷ್ಯರಾಗಿ ಕುಳಿತುಕೊಳ್ಳಬಹುದೆಂಬುದನ್ನು ಪೋಷಕರು ಗಮನಿಸಬೇಕು.

ಈಚೆಗೆ ಗುರುವಾರ ಈ ಮೂರ್ತಿಗೆ ಕಡಲೆಕಾಳಿನ ಮಾಲೆ ಹಾಕಿ, ನವಗ್ರಹಗಳಲ್ಲಿನ ಗುರುವೂ ಇವನೇ ಎಂದು ಅನೇಕರು ಭಾವಿಸುತ್ತಾರೆ. ಗ್ರಹವಾದ ಗುರು ಬೃಹಸ್ಪತಿ. ಅವನು ದೇವತೆಗಳ ಆಚಾರ್ಯ, ಮಾತಿನಲ್ಲಿ ನಿಪುಣ. ದಕ್ಷಿಣಾಮೂರ್ತಿ ಶಿವನ ರೂಪ. ಹೆಸರಿನ ಸಾಮ್ಯದಿಂದ ಮಾತುಗಾರನೂ ಮೌನಿಯೂ ಒಂದಾಗಿಬಿಟ್ಟರು! ಪ್ರದಕ್ಷಿಣೆಯ ಕೊನೆಗೆ ಉತ್ತರದ ಕಡೆ ಸಿಗುವ ಚಂಡಿಕೇಶ್ವರನ ಪಾಡು ಇನ್ನೂ ವಿಚಿತ್ರ. ಅವನು ಧ್ಯಾನದಲ್ಲಿದ್ದಾನೆಂದು ಹೇಳುತ್ತಲೇ ಜನರು ಅವನೆದುರು ಚಪ್ಪಾಳೆ ತಟ್ಟುತ್ತಾರೆ.

ಕನ್ನಡದಲ್ಲೂ ತಮಿಳಿನಲ್ಲೂ ಓದಿದವನಾದ್ದರಿಂದ ಒಂದು ಮಾತಿನ ಬಗ್ಗೆ ಹೇಳಬೇಕು. ನಮ್ಮ 'ಸುಮ್ಮನೆ' ತಮಿಳಿನ 'ಸುಮ್ಮಾ'ಗೆ ಒಡಹುಟ್ಟು. ಎರಡೂ ಭಾಷೆಗಳಲ್ಲಿ ಅದಕ್ಕೆ ಮಾತಿಲ್ಲದೆ ಎಂಬ ಅರ್ಥವೂ ಇದೆ, ಕಾರಣವಿಲ್ಲದೆ ಎಂಬ ಅರ್ಥವೂ ಇದೆ. 'ಏಕೆ ಬಂದೆ?' 'ಸುಮ್ಮನೆ ಬಂದೆ.' ಮನೆಯಲ್ಲಿ ಮಕ್ಕಳನ್ನು ಗದರಿಸಲು ಬಳಸುವ 'ಸುಮ್ಮನಿರು' ಎಂಬ ಇದೇ ಮಾತನ್ನು ಮುರುಗನು ಅರುಣಗಿರಿನಾಥರಿಗೆ ಉಪದೇಶವಾಗಿ ಹೇಳಿದನೆಂದು ತಮಿಳರಲ್ಲಿ ಐತಿಹ್ಯವಿದೆ. ಅರುಣಗಿರಿನಾಥರ ಊರೆನ್ನುವ ತಿರುವಣ್ಣಾಮಲೈಗೆ 1896ರಲ್ಲಿ ಬಂದು, 1950ರಲ್ಲಿ ದೇಹ ಬಿಡುವವರೆಗೂ ಅಲ್ಲಿಯೇ ಇದ್ದ ರಮಣ ಮಹರ್ಷಿಗಳು ಮೌನವನ್ನೇ ಉಪದೇಶಗಳಲ್ಲಿ ಶ್ರೇಷ್ಠವೆಂದು ಹೇಳುವಾಗ ದಕ್ಷಿಣಾಮೂರ್ತಿಯನ್ನು ನೆನೆಯುತ್ತಿದ್ದರು.

ಇನ್ನು ತುಟಿಯ ಮೇಲಿನ ಬೆರಳಿನ ವಿಷಯ. ಇದಕ್ಕಾಗಿ ದೂರದ ಈಜಿಪ್ಟಿಗೆ ಹೋಗಿ ಬರೋಣ. ಪುರಾತನ ಈಜಿಪ್ಟಿನವರು ಐಸಿಸ್ ದೇವಿಯ ಮಗನಾದ ಹೋರಸನನ್ನು ಮಗುವಾಗಿ ತೋರಿಸುವಾಗ ಬಾಯಿಯ ಬಳಿ ಬೆರಳಿಟ್ಟು ಕೆತ್ತುತ್ತಿದ್ದರು. ಬೆರಳು ಬಾಯಿಗಿಡುವುದು ಮಗುವಿನ ಲಕ್ಷಣ. ಅವರ ಚಿತ್ರಲಿಪಿಯಲ್ಲಿ ಮಗುವಿನ ಸಂಕೇತವೂ ಹಾಗೆಯೇ ಇದೆ. ಗ್ರೀಕರೂ ರೋಮನರೂ ಇದನ್ನು ಕಂಡು 'ಸದ್ದು!' ಎಂದು ಹೇಳುತ್ತಿದ್ದಾನೆಂದು ತಿಳಿದರು. ಹಾರ್ಪೊಕ್ರೇಟಿಸ್ ಎಂಬ ಹೆಸರಿನಲ್ಲಿ ಅವನು ಮೌನದ ದೇವತೆಯೇ ಆಗಿಬಿಟ್ಟ. ಅವನ ಪುಟ್ಟ ಕಂಚಿನ ವಿಗ್ರಹವೊಂದು, ಈಗ ಪಾಕಿಸ್ತಾನದಲ್ಲಿರುವ ತಕ್ಷಶಿಲೆಯಲ್ಲಿ ಜಾನ್ ಮಾರ್ಷಲ್ ನಡೆಸಿದ ಉತ್ಖನನದಲ್ಲಿಯೂ ಸಿಕ್ಕಿತು. ಮಗುವೊಂದು ಬೆರಳು ಚೀಪಿದ್ದನ್ನು ತಪ್ಪಾಗಿ ಓದಿದ್ದರಿಂದ ಹೊಸ ದೇವರೊಬ್ಬ ಹುಟ್ಟಿದ!

ನಗಬೇಡಿರಿ. ಮಗುವನ್ನು ತಪ್ಪಾಗಿ ಓದುವುದು ಬಹಳ ಸುಲಭ. ಹಲವು ವರ್ಷಗಳ ಹಿಂದೆ, ಹೊಸೂರಿನ ಈ ಸೀಮೆಯಲ್ಲೇ, ನನ್ನ ಆರನೆಯ ತರಗತಿಯಲ್ಲಿ ಒಬ್ಬ ಹುಡುಗನಿದ್ದ. ಮನೆಮಾತು ತೆಲುಗು, ಬೀದಿಯ ಮಾತು ತಮಿಳು, ಶಾಲೆಯದು ಕನ್ನಡ. ಅರ್ಧ ವರ್ಷ ಕಳೆದರೂ ಅವನು ತರಗತಿಯಲ್ಲಿ ಬಾಯಿ ಬಿಡಲಿಲ್ಲ. ಪ್ರಶ್ನೆ ಕೇಳಿದರೆ ಎದ್ದು ನಿಲ್ಲುತ್ತಿದ್ದ, ಅಷ್ಟೇ. ನಾನು ಅವನನ್ನು ಪೀರಿಯಡ್ ಮುಗಿಯುವವರೆಗೆ ನಿಲ್ಲಿಸಿದ್ದೂ ಉಂಟು. ಪ್ರಗತಿಪತ್ರದಲ್ಲಿ 'ಪಾಠದಲ್ಲಿ ಗಮನವಿಲ್ಲ' ಎಂದು ಬರೆದೆ.

ಸಹಿ ಹಾಕಿ ಹಿಂದಿರುಗಿಸಲು ಅವನ ತಂದೆಯೇ ಬಂದರು. ಜಗಳಕ್ಕೆ ಬಂದವರಲ್ಲ. "ಸಾರ್, ಆ ಪುಣ್ಯಕೋಟಿ ಹಸುವಿನ ಕಥೆಯನ್ನು ಇವನು ಅಜ್ಜಿಗೆ ತೆಲುಗಿನಲ್ಲಿ ಹೇಳಿದ. ಹುಲಿ ಸತ್ತಿತು ಎನ್ನುವಾಗ ಅಜ್ಜಿ ಅತ್ತುಬಿಟ್ಟಳು. ಗಮನವಿಲ್ಲ ಎಂದು ಬರೆದಿದ್ದೀರಲ್ಲ, ಅದಕ್ಕೇ ಕೇಳೋಣವೆಂದು ಬಂದೆ" ಎಂದರು. ಏನು ಉತ್ತರ ಹೇಳಿದೆನೋ ನೆನಪಿಲ್ಲ. ಪತ್ರವನ್ನು ಕೈಯಲ್ಲಿ ಹಿಡಿದುಕೊಂಡು ನಿಂತಿದ್ದು ಮಾತ್ರ ನೆನಪಿದೆ.

ಮರುದಿನ ತರಗತಿ ಮುಗಿದ ಮೇಲೆ ಅವನನ್ನು ಕರೆದು, ಕಥೆಯನ್ನು ತೆಲುಗಿನಲ್ಲೇ ಹೇಳು ಎಂದೆ. ತಲೆ ತಗ್ಗಿಸಿ ನಿಂತ. ನಾನು ಎರಡನೆಯ ಸಲ ಕೇಳಲಿಲ್ಲ, ಬೆರಳನ್ನೂ ತೋರಿಸಲಿಲ್ಲ. ಕಿಟಕಿಯ ಕಡೆ ನೋಡುತ್ತ ಕುಳಿತೆ. ಹೊರಗೆ ಹುಡುಗರು ಆಡುತ್ತಿದ್ದ ಸದ್ದು ಕೇಳುತ್ತಿತ್ತು. ಸ್ವಲ್ಪ ಹೊತ್ತಾದ ಮೇಲೆ ಅವನು ಗಂಟಲು ಸರಿಮಾಡಿಕೊಂಡು, ಕನ್ನಡದಲ್ಲೇ ಆರಂಭಿಸಿದ.